ಹೇಳಿದ ಮಾತು ಹಿಂದೆಗೆಯದ ಸ್ತ್ರಾತಿಸ್ ವುರ್ನಾಝೋಸ್

ನಮ್ಮ ಅಥೆನ್ಸಿನ ಚಲನಚಿತ್ರರಂಗದ ಚರಿತ್ರೆ ಬರೆದ ವಿದ್ವಾಂಸರೆಲ್ಲ ನಾಯಕರ ಹೆಸರುಗಳಿಂದ ಆರಂಭಿಸಿ, ನಿರ್ದೇಶಕರ ಹೆಸರುಗಳಲ್ಲಿ ಬಹಳ ಹೊತ್ತು ತಂಗಿ, ಸಂಗೀತಗಾರರ ಹೆಸರುಗಳೊಂದಿಗೆ ಮಂಗಳ ಹಾಡಿದ್ದಾರೆ. ಆ ದಪ್ಪ ದಪ್ಪ ಗ್ರಂಥಗಳ ಕೊನೆಯ ಅಕಾರಾದಿಯಲ್ಲಿ ಬೆರಳಿಟ್ಟು ಹುಡುಕಿದರೂ ಶ್ರೀ ಸ್ತ್ರಾತಿಸ್ ವುರ್ನಾಝೋಸ್ ಅವರ ಹೆಸರು ಸಿಗುವುದು ಅಪರೂಪ; ಸಿಕ್ಕರೂ ಒಂದು ಕಡೆ ‘ವುರ್ನಾಸ್’ ಎಂದೂ ಇನ್ನೊಂದು ಕಡೆ ‘ಬುರ್ನಾಝಿಸ್’ ಎಂದೂ ಇರುತ್ತದೆ. ಆದರೆ ಅವರ ಬಡಾವಣೆ ಕಿಪ್ಸೆಲಿಯ ಯಾವ ತರಕಾರಿ ಅಂಗಡಿಯ ಮುಂದೆ ಅವರು ನಿಂತರೂ ಸಾಕು, ಚೀಲ ಹಿಡಿದ ಹೆಂಗಸರು ತಿರುಗಿ ನೋಡುತ್ತಾರೆ. “ಅಯ್ಯೋ, ಇವ್ರು ನಮ್ಮ ಪೊಲೀಸಪ್ಪ ಅಲ್ವೇನೇ?” ಎಂದು ಒಬ್ಬಳು ಇನ್ನೊಬ್ಬಳ ಮೊಣಕೈ ತಿವಿಯುತ್ತಾಳೆ. ನೂರಹದಿನೆಂಟು ಚಿತ್ರಗಳಲ್ಲಿ ನಟಿಸಿ, ಮೂವತ್ತೆಂಟರಲ್ಲಿ ಪೊಲೀಸನಾಗಿ, ಹದಿನಾಲ್ಕರಲ್ಲಿ ದಿನಸಿ ಅಂಗಡಿಯವನಾಗಿ, ಉಳಿದವುಗಳಲ್ಲಿ ಮದುವೆಯ ದಲ್ಲಾಳಿ, ಹಡಗಿನ ಅಡುಗೆಯವ, ಕಿವುಡು ಮಾವ ಇತ್ಯಾದಿಯಾಗಿ ಬಂದುಹೋದ ಈ ಹಿರಿಯರ ಹೆಸರು ಒಂದು ಭಿತ್ತಿಪತ್ರದ ಮೇಲೂ ಅಚ್ಚಾಗಿಲ್ಲ.

ಅವರಿಗೀಗ ಎಂಬತ್ತು ತುಂಬಿದೆ. ನಟ ಎಲ್ಲಿ ನಿಲ್ಲಬೇಕೆಂದು ನೆಲದ ಮೇಲೆ ಸೀಮೆಸುಣ್ಣದಲ್ಲಿ ಎಳೆದ ಗುರುತು ಕಣ್ಣಿಗೆ ಕಾಣದಾದ್ದರಿಂದ ಇನ್ನು ಕ್ಯಾಮೆರಾದ ಮುಂದೆ ನಿಲ್ಲುವುದಿಲ್ಲವೆಂದು ಕಳೆದ ವಸಂತದಲ್ಲಿ ಅವರು ಘೋಷಿಸಿದರು. ಗೆಳೆಯರೆಲ್ಲ ಸಮಿತಿ ಕಟ್ಟಿ ಈ ಅಭಿನಂದನ ಗ್ರಂಥವನ್ನು ಯೋಜಿಸಿ, ಅವರ ಕಲಾಸೇವೆಯ ಕುರಿತು ಬರೆಯುವಂತೆ ಈ ಲೇಖಕಿಗೆ ಸೂಚಿಸಿದರು. ನಲವತ್ತು ವರ್ಷ ಚಿತ್ರಗಳ ಸಂಕಲನ ಮಾಡಿದವಳು, ಅವರ ಚಲನೆಯ ಒಂದೊಂದು ಅಂಗುಲವನ್ನೂ ಕೈಯಲ್ಲಿ ಹಿಡಿದು ನೋಡಿದವಳು ಎಂಬುದು ಸಮಿತಿಯವರು ಕೊಟ್ಟ ಕಾರಣ. ಇನ್ನೊಂದು ಕಾರಣ ಅವರಿಗೂ ಗೊತ್ತು, ಬಾಯಿಬಿಟ್ಟು ಹೇಳಲಿಲ್ಲ: ಈ ಲೇಖಕಿ ದೀಪದ ಮೇಸ್ತ್ರಿ ಫಾನೂರಿಸ್ ಸಾರೋಗ್ಲು ಅವರ ಮಗಳು. ಅಭಿನಂದನೆಯ ಪುಸ್ತಕದಲ್ಲಿ ಹಳೆಯ ಜಗಳದ ಮಾತು ಬೇಡವೆಂದು ಸಮಿತಿಯ ಹಿರಿಯರೊಬ್ಬರು ವಿನಯದಿಂದಲೇ ಹೇಳಿದ್ದರು. ಅದನ್ನು ಸ್ತ್ರಾತಿಸ್ ಅವರಿಗೆ ತಿಳಿಸಿದಾಗ ಅವರು ಊರುಗೋಲನ್ನು ನೆಲಕ್ಕೆ ಕುಟ್ಟಿದರು.

“ಜಗಳ ಬಿಟ್ಟು ಬರೆದ್ರೆ ಏನು ಉಳಿಯುತ್ತೆ ಮಗಳೇ? ಒಂದು ಟೋಪಿ, ಒಂದು ಮೀಸೆ. ಅದೂ ಬಾಡಿಗೇದು.”

ಆದ್ದರಿಂದ ಸಮಿತಿಯ ಕ್ಷಮೆ ಕೋರಿ, ಜಗಳ ಬಿಡದೆ ಬರೆಯಲಾಗುತ್ತಿದೆ.

ಶ್ರೀಯುತರು ಜನಿಸಿದ್ದು ೧೯೩೬ರಲ್ಲಿ, ಲೆಸ್ವೋಸ್ ದ್ವೀಪದ ಪ್ಲೋಮಾರಿಯಲ್ಲಿ. ತಂದೆ ಆಲಿವ್ ಎಣ್ಣೆಯ ಗಾಣದಲ್ಲಿ ದುಡಿಯುತ್ತಿದ್ದವರು. ತಾಯಿ ಎದುರು ದಡದಿಂದ ಎರಡು ಬಟ್ಟೆಗಂಟಿನೊಂದಿಗೆ ದೋಣಿ ಹತ್ತಿ ಬಂದ ನಿರಾಶ್ರಿತರ ಮಗಳು. ಹದಿನೆಂಟನೆಯ ವಯಸ್ಸಿಗೆ ಪಿರೇಯಸ್ ಬಂದರಿನಲ್ಲಿಳಿದ ಸ್ತ್ರಾತಿಸ್ ಅವರಿಗೆ ನಟನಾಗುವ ಆಸೆ ಎಳ್ಳಷ್ಟೂ ಇರಲಿಲ್ಲ. ಅವರು ಬಡಗಿ. ಪತಿಸಿಯೋನ್ ಬೀದಿಯ ಒಂದು ಚಿತ್ರ ಕಂಪನಿಯಲ್ಲಿ ಸೆಟ್ಟುಗಳಿಗೆ ಬಾಗಿಲು ಮಾಡುವ ಕೆಲಸಕ್ಕೆ ಸೇರಿದರು. ಆ ಕಂಪನಿಯ ಹೆಸರನ್ನು ವಕೀಲರ ಸಲಹೆಯಂತೆ ಇಲ್ಲಿ ಬರೆಯುತ್ತಿಲ್ಲ. ಓದುಗರಿಗೆ ಗೊತ್ತಿಲ್ಲದ ಹೆಸರೇನೂ ಅಲ್ಲ. ೧೯೫೭ರ ಒಂದು ಬೆಳಿಗ್ಗೆ ಪೊಲೀಸನ ಪಾತ್ರ ಮಾಡಬೇಕಿದ್ದವನು ಹಲ್ಲುನೋವೆಂದು ಬರಲಿಲ್ಲ. ಸಮವಸ್ತ್ರ ಯಾರಿಗೆ ಸರಿಹೋಗುತ್ತದೆಂದು ನೋಡಿದಾಗ ಬಡಗಿಗೆ ಸರಿಹೋಯಿತು. ತಾನೇ ಮಾಡಿದ ಬಾಗಿಲನ್ನು ತಾನೇ ತಳ್ಳಿಕೊಂಡು ಒಳಗೆ ಬಂದು, “ಯಾರಿಲ್ಲಿ ಗಲಾಟೆ ಮಾಡ್ತಿರೋದು?” ಎಂದರು. ಅಷ್ಟೇ. ಆ ಪ್ರವೇಶವನ್ನು ಕಂಡು ಇಡೀ ಸೆಟ್ಟು ನಕ್ಕಿತೆಂದು ಆಗ ಮೇಲೆ ದೀಪ ಹಿಡಿದಿದ್ದ ನಮ್ಮ ತಂದೆ ಮನೆಯಲ್ಲಿ ಹೇಳುತ್ತಿದ್ದರಂತೆ.

ಅವರ ಕಲೆಯ ಕುರಿತು ಪಂಡಿತರು ಬರೆಯುವಷ್ಟು ಈ ಲೇಖಕಿ ಬರೆಯಲಾರಳು. ಸಂಕಲನದ ಮೇಜಿನ ಮೇಲೆ ಕಂಡದ್ದನ್ನಷ್ಟೇ ಹೇಳಬಹುದು. ಹೆಚ್ಚಿನ ನಟರು ಬಾಗಿಲು ದಾಟಿದ ಮೇಲೆ ನಟಿಸಲು ತೊಡಗುತ್ತಾರೆ. ಸ್ತ್ರಾತಿಸ್ ಅವರ ಪಾತ್ರ ಬಾಗಿಲ ಹೊರಗಿನಿಂದಲೇ ನಡೆದು ಬಂದಿರುತ್ತಿತ್ತು. ಮೆಟ್ಟಿಲು ಹತ್ತಿದ ಏದುಸಿರು ಅವರ ಭುಜಗಳಲ್ಲಿರುತ್ತಿತ್ತು, ಬೆಳಿಗ್ಗೆ ಹೆಂಡತಿಯೊಡನೆ ಮಾಡಿದ ಜಗಳ ಹುಬ್ಬಿನಲ್ಲಿರುತ್ತಿತ್ತು. ಇಪ್ಪತ್ತು ಸೆಕೆಂಡಿನಲ್ಲಿ ಒಬ್ಬ ಮನುಷ್ಯ ಬಂದು, ಇದ್ದು, ಹೋಗುತ್ತಿದ್ದ. ಹೋದ ಮೇಲೆ ಪರದೆಯಲ್ಲಿ ಅವನು ನಿಂತಿದ್ದ ಜಾಗ ಖಾಲಿ ಕಾಣುತ್ತಿತ್ತು.

ಹೀಗೆ ಏಳು ವರ್ಷ ಸುಖವಾಗಿ ಸಾಗಿದ ಜೀವನಕ್ಕೆ ೧೯೬೪ರ ಜುಲೈ ತಿಂಗಳು ಎದುರಾಯಿತು.

ಪೆರಾಮಾದ ದಡದಲ್ಲಿ ಕಟ್ಟಿದ್ದ ಒಂದು ಮೀನುದೋಣಿಯ ಮೇಲೆ ಚಿತ್ರೀಕರಣ. ನಾಯಕ ನಾಯಕಿ ಹಾಡುತ್ತಾರೆ, ಕಡಲುಗಾವಲಿನ ಪೊಲೀಸ್ ಬಂದು ಗದರುತ್ತಾನೆ. ಆ ಪೊಲೀಸನೇ ಸ್ತ್ರಾತಿಸ್. ಹಲಗೆಗಳು ಹೊಳೆಯಲೆಂದು ದೋಣಿಯ ಮೇಲೆಲ್ಲ ಬಕೆಟ್ಟುಗಟ್ಟಲೆ ನೀರು ಸುರಿದಿದ್ದರು. ದೀಪದ ಮೇಸ್ತ್ರಿ ಫಾನೂರಿಸ್ ಕೇಬಲ್ಲನ್ನು ಕೈಯಲ್ಲಿ ಹಿಡಿದು ನಿರ್ಮಾಣ ವ್ಯವಸ್ಥಾಪಕ ಲಿಕೂರ್ಗೋಸ್ ಬಳಿಗೆ ಹೋದದ್ದನ್ನು ಸ್ತ್ರಾತಿಸ್ ಮೂರು ಮಾರು ದೂರದಿಂದ ಕಂಡರು, ಕೇಳಿಸಿಕೊಂಡರು.

“ಲಿಕೂರ್ಗೋಸಣ್ಣ, ಇದರ ಸಿಪ್ಪೆ ಹರಿದಿದೆ, ನೋಡು. ಕೆಳಗೆಲ್ಲಾ ನೀರು. ಬೇರೆದು ತರಿಸೋವರ್ಗೂ ನಾನು ಕರೆಂಟ್ ಕೊಡಲ್ಲ.”

“ಬೇರೆದು ಬರೋ ಹೊತ್ತಿಗೆ ಸೂರ್ಯ ಗುಡ್ಡದ ಹಿಂದೆ ಹೋಗಿರ್ತಾನೆ. ಒಂದು ಬಟ್ಟೆ ಸುತ್ತು, ನಡಿ. ಹೆಂಗಸರ ಥರ ಹೆದರ್ಬೇಡ.”

ಫಾನೂರಿಸ್ ಬಟ್ಟೆ ಸುತ್ತಿದರು. ಐದು ನಿಮಿಷದ ನಂತರ ಅವರು ಬದುಕಿರಲಿಲ್ಲ. ಅವರಿಗೆ ಮೂವತ್ನಾಲ್ಕು ವರ್ಷ.

ಮರುದಿನ ಬೆಳಿಗ್ಗೆ ಕಂಪನಿಯ ಕಚೇರಿಯಲ್ಲಿ ಒಂದು ಹೇಳಿಕೆ ಸಿದ್ಧವಾಗಿತ್ತು: ಮೃತನು ಮಧ್ಯಾಹ್ನ ಮದ್ಯ ಸೇವಿಸಿದ್ದು, ಕಾಲು ತಡವರಿಸಿ, ತನ್ನದೇ ಅಜಾಗರೂಕತೆಯಿಂದ ಕೇಬಲ್ಲಿನ ಮೇಲೆ ಬಿದ್ದನು. ದೋಣಿಯ ಮೇಲೆ ಇದ್ದವರು ಇಪ್ಪತ್ಮೂರು ಮಂದಿ. ಇಪ್ಪತ್ತೆರಡು ಮಂದಿ ಸಹಿ ಹಾಕಿದರು. ಇಪ್ಪತ್ಮೂರನೆಯವರ ಮುಂದೆ ಲಿಕೂರ್ಗೋಸ್ ಕಾಗದವನ್ನು ಸರಿಸಿ, ಪೆನ್ನಿನ ಮುಚ್ಚಳವನ್ನೂ ತೆಗೆದುಕೊಟ್ಟ.

“ಸತ್ತೋನು ಸತ್ತ ಸ್ತ್ರಾತಿ. ನಾವು ಬದುಕ್ಬೇಕಲ್ಲ?”

“ಅವನು ಕುಡಿದಿರ್ಲಿಲ್ಲ. ಊಟಕ್ಕೆ ನನ್ನ ಪಕ್ಕದಲ್ಲೇ ಕೂತಿದ್ದ. ಒಂದು ಬಾಟ್ಲಿ ನಿಂಬೆ ಸೋಡಾ ಇಬ್ರೂ ಹಂಚ್ಕೊಂಡ್ವಿ.”

“ಹಾಗಾದ್ರೆ ಇಪ್ಪತ್ತೆರಡು ಜನ ಕಂಡಿದ್ದು ಸುಳ್ಳಾ?”

“ಇಪ್ಪತ್ತೆರಡು ಜನ ಕಂಡಿದ್ದು ನಿನ್ನ ಮುಖಾನ” ಎಂದು ಹೇಳಿ ಸ್ತ್ರಾತಿಸ್ ಪೆನ್ನಿಗೆ ಮುಚ್ಚಳ ಹಾಕಿ, ಮೇಜಿನ ಮೇಲಿಟ್ಟು ಎದ್ದು ಬಂದರು.

ನಲವತ್ತನೆಯ ದಿನದ ಪ್ರಾರ್ಥನೆ ಕೊಕ್ಕಿನ್ಯಾದ ನಮ್ಮ ಬೀದಿಯ ಚರ್ಚಿನಲ್ಲಿ ನಡೆಯಿತು. ಸತ್ತವರ ಹೆಸರಿನಲ್ಲಿ ಗೋಧಿ ಬೇಯಿಸಿ, ಸಕ್ಕರೆ, ದ್ರಾಕ್ಷಿ, ದಾಳಿಂಬೆ ಬೆರೆಸಿ, ಸಣ್ಣ ಸಣ್ಣ ಪೊಟ್ಟಣ ಕಟ್ಟಿ ಬಂದವರಿಗೆಲ್ಲ ಕೊಡಬೇಕು. ಪಡೆದವರು “ದೇವರು ಅವನನ್ನು ಕ್ಷಮಿಸಲಿ” ಎನ್ನಬೇಕು. ನಮ್ಮ ತಾಯಿ ಪೆಲಾಗಿಯಾ, ನೆರೆಹೊರೆಯವರಿಗಲ್ಲದೆ ಚಿತ್ರರಂಗದವರಿಗೆಂದು ಬೇರೆಯಾಗಿ ಅರವತ್ತು ಪೊಟ್ಟಣ ಕಟ್ಟಿದ್ದರು. ಚಿತ್ರರಂಗದಿಂದ ಬಂದವರು ಇಬ್ಬರೇ: ಸ್ತ್ರಾತಿಸ್ ಮತ್ತು ಅವರ ಪತ್ನಿ ಕಲ್ಲಿರೋಯಿ. ಪ್ರಾರ್ಥನೆ ಮುಗಿದು ಜನ ಚದುರಿದ ಮೇಲೆ ಉಳಿದ ಪೊಟ್ಟಣಗಳ ಬುಟ್ಟಿಯನ್ನು ತೊಡೆಯ ಮೇಲಿಟ್ಟುಕೊಂಡು ತಾಯಿ ಚರ್ಚಿನ ಅಂಗಳದ ಬೆಂಚಿನ ಮೇಲೆ ಕುಳಿತಿದ್ದರು. ಪಕ್ಕದ ಓಣಿಯ ಹೆಂಗಸೊಬ್ಬಳು ಹೋಗುತ್ತ, “ಪಾಪ, ಕುಡೀದೆ ಇದ್ದಿದ್ರೆ ಮಕ್ಕಳಿಗೊಂದು ನೆರಳಿರ್ತಿತ್ತು” ಎಂದು ಇನ್ನೊಬ್ಬಳಿಗೆ ಹೇಳಿದ್ದು ಎಲ್ಲರಿಗೂ ಕೇಳಿಸಿತು. ಸ್ತ್ರಾತಿಸ್ ಆ ಬುಟ್ಟಿಗೆ ಕೈ ಹಾಕಿದರು.

“ಇದನ್ನ ನನಗೆ ಕೊಡಿ ತಾಯಿ. ವಿಳಾಸ ನನಗೆ ಗೊತ್ತು.”

ಕಾನಿಂಗೋಸ್ ಚೌಕದಲ್ಲಿ ನಟರು ಸೇರುತ್ತಿದ್ದ ಕಾಫಿ ಅಂಗಡಿಗೆ ಅವರು ಬಸ್ಸಿನಲ್ಲಿ ಆ ಬುಟ್ಟಿ ಹಿಡಿದುಕೊಂಡೇ ಹೋದರು. ಭಾನುವಾರದ ಮಧ್ಯಾಹ್ನ, ಅಂಗಡಿ ತುಂಬಿತ್ತು. ಪಗಡೆಯಾಡುತ್ತಿದ್ದವರ ಮೇಜುಗಳ ನಡುವೆ ನಡೆದು, ಸಹಿ ಹಾಕಿದ ಒಬ್ಬೊಬ್ಬರ ಮುಂದೆಯೂ ಒಂದೊಂದು ಪೊಟ್ಟಣ ಇಟ್ಟರು.

ನಟರಿಗೆ ಬಣ್ಣ ಹಚ್ಚುವ ಮುದುಕ ಎದ್ದು ನಿಂತ. “ಇಲ್ಲಿಗ್ಯಾಕಪ್ಪಾ ತಂದೆ ಇದನ್ನ? ಇದು ಕಾಫಿ ಅಂಗಡಿ.”

“ಚರ್ಚಿಗೆ ನೀವು ಬರ್ಲಿಲ್ಲ. ಅದಕ್ಕೇ ಚರ್ಚನ್ನೇ ಇಲ್ಲಿಗೆ ತಂದೆ. ಕೂತ್ಕೊಳ್ಳಿ. ಸಹಿ ಹಾಕಿದ ಕೈ ಯಾವುದು? ಬಲಗೈನಾ? ಅದನ್ನೇ ಚಾಚಿ. ತಿನ್ನಿ. ದೇವರು ಅವನನ್ನ ಕ್ಷಮಿಸ್ಲಿ ಅನ್ನಿ.”

ಹತ್ತೊಂಬತ್ತು ಜನ ತಿಂದರು. ಬಾಯಲ್ಲಿ ಗೋಧಿ ಇಟ್ಟುಕೊಂಡು ತಲೆ ತಗ್ಗಿಸಿದರು, ತುಟಿಯಲ್ಲೇ ಆ ಮಾತು ಅಂದರು. ಮೂವರು ಹಿಂಬಾಗಿಲಿನಿಂದ ಹೋದರು. ಇದರಿಂದ ಏನಾದರೂ ಬದಲಾಯಿತೇ ಎಂದು ಕೇಳಿದರೆ, ಇಲ್ಲ. ಒಬ್ಬರೂ ಸಹಿ ಹಿಂದಕ್ಕೆ ಪಡೆಯಲಿಲ್ಲ. ಆದರೆ ಅಂದಿನಿಂದ ಆ ಅಂಗಡಿಯಲ್ಲಿ ನಮ್ಮ ತಂದೆಯನ್ನು ಕುಡುಕನೆಂದು ಯಾರೂ ಅನ್ನಲಿಲ್ಲ. ಅನ್ನಬೇಕೆಂದರೆ ಬೀದಿಗೆ ಹೋಗಿ ಅನ್ನುತ್ತಿದ್ದರು.

ಮರುವರ್ಷ ನವೆಂಬರಿನಲ್ಲಿ, ನಮ್ಮ ತಾಯಿ ಕಂಪನಿಯ ಮೇಲೆ ಹೂಡಿದ್ದ ಮೊಕದ್ದಮೆ ವಿಚಾರಣೆಗೆ ಬಂತು. ಕಂಪನಿಯ ಪರವಾಗಿ ದೊಡ್ಡ ಹೆಸರಿನ ವಕೀಲರು. ನಮ್ಮ ತಾಯಿಯ ಪರವಾಗಿ ಸಾಕ್ಷಿಯೆಂದರೆ ಸ್ತ್ರಾತಿಸ್ ಒಬ್ಬರೇ. ವಕೀಲರು ಅವರನ್ನು ಮೇಲಿಂದ ಕೆಳಗೆ ನೋಡಿ ನಗುತ್ತಲೇ ಶುರುಮಾಡಿದರು.

“ತಾವು ಎಷ್ಟು ಚಿತ್ರಗಳಲ್ಲಿ ಪೊಲೀಸ್ ಪಾತ್ರ ಮಾಡಿದೀರಿ?”

“ಇಲ್ಲೀವರೆಗೆ ಹತ್ತೊಂಬತ್ತು.”

“ಓಹೋ. ಅಂದ್ರೆ ಅಪರಾಧಿಗಳನ್ನ ಹಿಡಿಯೋದು ತಮಗೆ ಅಭ್ಯಾಸ ಆಗ್ಬಿಟ್ಟಿದೆ. ಪರದೆ ಮೇಲಿಂದ ಇಳಿಯೋದೇ ಮರೆತುಹೋಗಿದೆ.”

ನ್ಯಾಯಾಲಯದಲ್ಲಿ ನಗೆ ಎದ್ದಿತು. ಸ್ತ್ರಾತಿಸ್ ನಗು ನಿಲ್ಲುವವರೆಗೂ ಕಾದರು. ಎಲ್ಲಿ ಮಾತು ಶುರುಮಾಡಬೇಕೆಂದು ಅವರಿಗೆ ಯಾರೂ ಕಲಿಸಬೇಕಿರಲಿಲ್ಲ.

“ಹತ್ತೊಂಬತ್ತು ಸಲ ಪೊಲೀಸಾಗಿದೀನಿ ಸ್ವಾಮಿ. ಎಲ್ಲಾ ಸಲಾನೂ ನನಗೆ ಬರೆದುಕೊಟ್ಟಿದ್ದನ್ನೇ ಹೇಳಿದೀನಿ. ಇವತ್ತೊಂದು ದಿನ ನನಗೆ ಯಾರೂ ಬರೆದುಕೊಟ್ಟಿಲ್ಲ. ಬರೆದುಕೊಟ್ಟಿದ್ದು ಆ ಇಪ್ಪತ್ತೆರಡು ಜನಕ್ಕೆ.”

ಕಂಪನಿ ನಿರ್ದೋಷಿಯೆಂದು ತೀರ್ಪಾಯಿತು. ಆದರೆ ಆ ಉದ್ದನೆಯ ತೀರ್ಪಿನ ಮಧ್ಯದಲ್ಲಿ ಒಂದು ವಾಕ್ಯವಿತ್ತು: “ಮೃತನು ಪಾನಮತ್ತನಾಗಿದ್ದನೆಂಬುದು, ಸಾಕ್ಷಿ ವುರ್ನಾಝೋಸ್ ಹೇಳಿಕೆಯ ಹಿನ್ನೆಲೆಯಲ್ಲಿ, ಸಾಬೀತಾಗಿಲ್ಲ.” ನಮ್ಮ ತಾಯಿಗೆ ಓದು ಬರುತ್ತಿರಲಿಲ್ಲ. ನ್ಯಾಯಾಲಯದ ಮೆಟ್ಟಿಲ ಮೇಲೆ ಕುಳಿತು ಸ್ತ್ರಾತಿಸ್ ಆ ವಾಕ್ಯವನ್ನು ಅವರಿಗೆ ಮೂರು ಸಲ ಓದಿ ಹೇಳಿದರು. ಮೂರನೆಯ ಸಲ ತಾಯಿ ತಾವೂ ಜೊತೆಯಲ್ಲಿ ಹೇಳಿದರು. ಸಾಯುವವರೆಗೂ ಅದು ಅವರಿಗೆ ಬಾಯಿಪಾಠವಾಗಿತ್ತು.

ಸಹಿ ಹಾಕದವರ ಗತಿ ಏನಾಯಿತೆಂದು ಊಹಿಸುವುದು ಕಷ್ಟವಲ್ಲ; ಅದು ತೀರ್ಪಿಗೂ ಮೊದಲೇ ಶುರುವಾಗಿತ್ತು. ಆ ಚಿತ್ರದಲ್ಲಿದ್ದ ಅವರ ದೃಶ್ಯಗಳನ್ನು ಕಿತ್ತು, ಬೇರೆಯವರನ್ನು ಹಾಕಿ ಮತ್ತೆ ಚಿತ್ರಿಸಿದರು. ಉಳಿದ ಕಂಪನಿಗಳೂ ಕರೆಯುವುದನ್ನು ನಿಲ್ಲಿಸಿದವು. ಆ ಕಾಲದಲ್ಲಿ ನಟರಿಗೆ ಕರೆ ಬರುತ್ತಿದ್ದದ್ದು ಕಾಫಿ ಅಂಗಡಿಯ ಫೋನಿಗೆ. ಅಂಗಡಿಯ ಯಜಮಾನ ಆನೇಸ್ತಿಸ್ ರಿಸೀವರನ್ನು ಎದೆಗೆ ಒತ್ತಿಕೊಂಡು ಹೆಸರು ಕೂಗುತ್ತಿದ್ದ. ಎರಡು ವರ್ಷ ಅವನ ಬಾಯಲ್ಲಿ ವುರ್ನಾಝೋಸ್ ಎಂಬ ಹೆಸರು ಬರಲಿಲ್ಲ. ಆದರೂ ಶ್ರೀಯುತರು ಪ್ರತಿದಿನ ಬೆಳಿಗ್ಗೆ ಹತ್ತಕ್ಕೆ ಹೋಗಿ, ಸಕ್ಕರೆಯಿಲ್ಲದ ಒಂದು ಕಾಫಿ ತರಿಸಿಕೊಂಡು, ಫೋನಿನ ಪಕ್ಕದ ಮೇಜಿನಲ್ಲೇ ಕೂರುತ್ತಿದ್ದರು. ಕರೆ ಬಂದವನು ಅವರ ಮೊಣಕಾಲು ತಾಗಿಸಿಕೊಂಡೇ ಫೋನ್ ಹತ್ತಿರ ಹೋಗಬೇಕಿತ್ತು.

“ಯಾಕಣ್ಣಾ ಸುಮ್ನೆ ಹಿಂಸೆ ಪಡ್ತೀಯ? ಮನೇಲಿರು” ಎಂದು ಆನೇಸ್ತಿಸ್ ಕನಿಕರದಿಂದ ಹೇಳಿದಾಗ, “ಹಿಂಸೆ ನನಗಲ್ಲ ಕಣೋ. ನೋಡು, ಆ ಕಡೆಯೋರು ಹ್ಯಾಗೆ ಗೋಡೆ ನೋಡ್ತಾ ಮಾತಾಡ್ತಾರೆ” ಎಂದರಂತೆ.

ಇಲ್ಲಿ ಒಂದು ಸಂಗತಿಯನ್ನು ಶ್ರೀಯುತರ ಒತ್ತಾಯದ ಮೇರೆಗೇ ದಾಖಲಿಸಬೇಕಾಗಿದೆ. ೧೯೬೬ರ ಚಳಿಗಾಲದಲ್ಲಿ ಸ್ತ್ರಾತಿಸ್ ಅವರ ಮನೆಗೆ ಲಿಕೂರ್ಗೋಸ್ ಬಂದ. ಎರಡು ಸಾಲು ಬರೆದುಕೊಟ್ಟರೆ ಸಾಕು ಎಂದ. ಬಿಸಿಲಿನಲ್ಲಿ ಸರಿಯಾಗಿ ಕಾಣಲಿಲ್ಲ, ಕೇಳಿಸಿದ್ದು ತಪ್ಪಿರಬಹುದು ಎಂದು. ಬದಲಿಗೆ ಹೊಸ ಚಿತ್ರದಲ್ಲಿ ನಾಯಕನ ಅಣ್ಣನ ಪಾತ್ರ. ಮೊದಲ ದೃಶ್ಯದಿಂದ ಕೊನೆಯ ದೃಶ್ಯದವರೆಗೆ, ಭಿತ್ತಿಪತ್ರದಲ್ಲಿ ಹೆಸರು. ಸ್ತ್ರಾತಿಸ್ ಆ ಎರಡು ಸಾಲನ್ನು ಬರೆದರು. ಬರೆದು ಕೋಟಿನ ಒಳಜೇಬಿನಲ್ಲಿಟ್ಟುಕೊಂಡು ಎರಡು ದಿನ ಊರೆಲ್ಲ ಸುತ್ತಿದರು. ಮೂರನೆಯ ದಿನ ಕೋಟು ಜಾಡಿಸುವಾಗ ಅದು ಕಲ್ಲಿರೋಯಿ ಅವರ ಕೈಗೆ ಸಿಕ್ಕಿತು. ಮನೆಯಲ್ಲೇ ಹೆಂಗಸರ ತಲೆಗೂದಲು ಕತ್ತರಿಸಿ ಸಂಸಾರ ನಡೆಸುತ್ತಿದ್ದ ಆಕೆ ಕಾಗದವನ್ನು ಓದಿ, ಮಡಚಿ, ಮತ್ತೆ ಅದೇ ಜೇಬಿನಲ್ಲಿಟ್ಟರು.

“ಕೊಡ್ಬೇಕು ಅನ್ಸಿದ್ರೆ ಕೊಡಿ. ನಾನು ಬೇಡ ಅನ್ನಲ್ಲ. ಆದ್ರೆ ಶನಿವಾರ ಪೆಲಾಗಿಯಾ ಕೂದಲು ಕತ್ತರಿಸ್ಕೊಳ್ಳೋಕೆ ಬರ್ತಾಳೆ. ಹಿಂದೆ ನಿಂತು ಅವಳ ಕತ್ತಿನ ಹತ್ರ ಕತ್ತರಿ ಹಿಡ್ಕೊಂಡು ನಾನೇನು ಮಾತಾಡ್ಲಿ, ಅದನ್ನೊಂದು ಹೇಳ್ಕೊಟ್ಟು ಹೋಗಿ.”

ಕಾಗದ ಒಲೆಗೆ ಹೋಯಿತು. “ನಾನು ಕಲ್ಲಲ್ಲ ಅಂತ ಬರಿ” ಎಂದು ಶ್ರೀಯುತರು ಈ ಲೇಖಕಿಗೆ ಎರಡು ಬಾರಿ ಹೇಳಿದ್ದಾರೆ. “ಬಗ್ಗಿದ್ದೆ. ಅವಳು ನೆಟ್ಟಗೆ ಮಾಡಿದ್ಳು. ಪುಸ್ತಕ ನನ್ನ ಹೆಸರಲ್ಲಿ ತರ್ತಿದಾರಲ್ಲ, ಅದು ಅನ್ಯಾಯ.”

೧೯೬೭ರ ಏಪ್ರಿಲಿನಲ್ಲಿ ಸರ್ಕಾರವನ್ನು ಉರುಳಿಸಿ ಸೇನೆಯ ಕರ್ನಲ್‌ಗಳ ಆಡಳಿತ ಬಂತು. ಅಷ್ಟು ಹೊತ್ತಿಗೆ ಸ್ತ್ರಾತಿಸ್ ಅವರು ಅಸ್ಪಾಸಿಯಾ ಎಂಬ ಗಟ್ಟಿಗಿತ್ತಿಯೊಬ್ಬಳ ಸಂಚಾರಿ ನಾಟಕ ತಂಡ ಸೇರಿ, ಥೆಸ್ಸಲಿಯ ಬಯಲಿನಲ್ಲಿ ಊರೂರು ಅಲೆಯುತ್ತಿದ್ದರು. ನಾಟಕದ ಪ್ರತಿ ಹಾಳೆಗೂ ಮೊಹರು ಬೀಳಬೇಕು, ಹೊಡೆದುಹಾಕಿದ ಸಾಲುಗಳನ್ನು ಆಡಬಾರದು ಎಂಬ ಕಾನೂನಾಯಿತು. ಒಂದು ಊರಿನಲ್ಲಂತೂ ಸಾರ್ಜೆಂಟನೊಬ್ಬ ಮೊಹರಿನ ಪ್ರತಿಯನ್ನು ತೊಡೆಯ ಮೇಲಿಟ್ಟುಕೊಂಡು, ಟಾರ್ಚ್ ಹಿಡಿದು ಮೊದಲ ಸಾಲಿನಲ್ಲೇ ಕುಳಿತ. ಸ್ತ್ರಾತಿಸ್ ಒಂದು ಅಕ್ಷರವನ್ನೂ ಹೆಚ್ಚಿಗೆ ಆಡಲಿಲ್ಲ. ಹೊಡೆದುಹಾಕಿದ ಸಾಲು ಬಂದಲ್ಲೆಲ್ಲ ಒಂದು ಸೀನು ಸೀನಿದರು, ಅಷ್ಟೇ. ಮಾತಿನ ನಡುವೆ ಸೀನು ಬಂದರೆ ಆಡುತ್ತಿರುವ ಮಾತು ಸತ್ಯವೆಂದು ನಮ್ಮ ಅಜ್ಜಿಯರ ಕಾಲದ ನಂಬಿಕೆ. ಮೂರನೆಯ ಸೀನಿಗೆ ಜನರಿಗೆ ಅರ್ಥವಾಯಿತು. ಐದನೆಯದಕ್ಕೆ ಇಡೀ ಗುಡಾರ ಎದ್ದು ಚಪ್ಪಾಳೆ ತಟ್ಟಿತು.

ಪರದೆ ಬಿದ್ದ ಮೇಲೆ ಸಾರ್ಜೆಂಟ್ ಒಳಗೆ ಬಂದ. “ಏನಯ್ಯಾ, ಶೀತವೋ?”

“ಹೌದು ಸಾರ್ಜೆಂಟ್ರೇ. ಏಪ್ರಿಲ್‌ನಿಂದ ಹಿಡಿದಿದೆ. ಊರಿಗೆಲ್ಲಾ ಹಿಡಿದಿದೆಯಂತೆ, ತಮಗಿನ್ನೂ ಬಂದಿಲ್ವೇ?”

ಆ ಉತ್ತರಕ್ಕಾಗಿ ಹನ್ನೊಂದು ದಿನ ಲಾಕಪ್ಪಿನಲ್ಲಿದ್ದರು. ಹೊರಬರುವಾಗ ಎರಡು ಪಕ್ಕೆಲುಬು ಮುರಿದಿದ್ದವು. ಮುಂದಿನ ಊರಿನಲ್ಲಿ ಎದೆಗೆ ಪಟ್ಟಿ ಬಿಗಿದುಕೊಂಡು ರಂಗಕ್ಕೆ ಹೋದರು. ಸೀನಿದರೆ ಪ್ರಾಣ ಹೋಗುವಷ್ಟು ನೋವು. ಸೀನಿದರು.

ಕರ್ನಲ್‌ಗಳು ತೊಲಗಿದ ಮೇಲೆ, ೧೯೭೪ರಲ್ಲಿ, ಹೊಸ ತಲೆಮಾರಿನ ಹುಡುಗರು ಅವರನ್ನು ಹುಡುಕಿಕೊಂಡು ಬಂದರು. ಕಿತ್ತುಹಾಕಿದ ಮುಖ ಮತ್ತೆ ಪರದೆಗೆ ಬಂತು. ಮೀಸೆ ಮಾತ್ರ ಈಗ ಬಾಡಿಗೆಯದಲ್ಲ. ಮರುವರ್ಷ ಇಪ್ಪತ್ತರ ಹರೆಯದ ಈ ಲೇಖಕಿಯನ್ನು ಅವರೇ ಕರೆದುಕೊಂಡು ಹೋಗಿ ಸಂಕಲನದ ಕೋಣೆಯ ಬಾಗಿಲು ತಟ್ಟಿದರು. “ಫಾನೂರಿಸ್ ಮಗಳು. ಕೆಲಸ ಕಲಿಸಿ. ದೀಪದ ಕೆಲಸ ಮಾತ್ರ ಬೇಡ ಅಂತಾಳೆ ಅವಳಮ್ಮ. ಕತ್ತಲೆ ಕೋಣೆಯಾದ್ರೆ ಪರ್ವಾಗಿಲ್ವಂತೆ.” ಆ ಕೋಣೆಯಲ್ಲೇ ಬದುಕು ಕಳೆಯಿತು. ಒಮ್ಮೆ ಅವರದೇ ದೃಶ್ಯವೊಂದನ್ನು ಜೋಡಿಸುವಾಗ ಹಿಂದೆ ಬಂದು ನಿಂತು, “ನನ್ನದು ಉದ್ದವಾಯ್ತು, ಕತ್ತರಿಸು” ಎಂದರು. “ಚೆನ್ನಾಗಿದೆ ಮಾಮ, ಇರ್ಲಿ” ಎಂದರೆ, “ಚೆನ್ನಾಗಿದೆ ಅಂತಾನೇ ಕತ್ತರಿಸು. ಆ ಹುಡುಗಿ ಅಳ್ತಿದಾಳೆ. ಆಗ ನನ್ನ ಹುಬ್ಬು ಯಾರಿಗೆ ಬೇಕು?” ಎಂದರು. ತನ್ನ ಪಾತ್ರವನ್ನು ಕುಗ್ಗಿಸಿ ಎಂದು ಕೇಳಿದ ನಟರನ್ನು ಈ ಲೇಖಕಿ ಬೇರೆ ಕಂಡಿಲ್ಲ. ತನ್ನ ಮಾತನ್ನು ಕುಗ್ಗಿಸಲು ಮಾತ್ರ ಅವರು ಒಪ್ಪುತ್ತಿರಲಿಲ್ಲ.

ಚಿತ್ರೀಕರಣಕ್ಕೆ ಹೋದಲ್ಲೆಲ್ಲ ಮೊದಲ ಶಾಟಿಗೆ ಮುನ್ನ ಮೇಲೆ ನೋಡಿ, “ಮೇಸ್ತ್ರೀ, ಕೇಬಲ್ ನೋಡಿದ್ಯಾ?” ಎಂದು ಕೇಳುವುದು ಅವರ ಪದ್ಧತಿ. ಉತ್ತರ ಬರುವವರೆಗೆ ಗುರುತಿನ ಮೇಲೆ ನಿಲ್ಲುತ್ತಿರಲಿಲ್ಲ. ೧೯೮೬ರಲ್ಲಿ ಆತುರದ ತರುಣ ನಿರ್ದೇಶಕನೊಬ್ಬ ಸಿಡುಕಿದ: “ಸ್ವಾಮಿ, ನಟನೆ ನಿಮ್ಮ ಕೆಲಸ, ಕೇಬಲ್ ಅವರ ಕೆಲಸ.” ಶ್ರೀಯುತರು ಒಂದು ಕುರ್ಚಿ ಎಳೆದುಕೊಂಡು ಕುಳಿತರು. ನಲವತ್ತು ಜನ ಮುಖ ಮುಖ ನೋಡಿಕೊಂಡು ನಿಂತರು. ಕೊನೆಗೆ ದೀಪದವನು ಉದ್ದಕ್ಕೂ ನಡೆದು ಪ್ರತಿಯೊಂದು ಕೇಬಲ್ಲನ್ನೂ ನೋಡಿ ಬಂದ. ಎಲ್ಲವೂ ಸರಿಯಾಗಿತ್ತು.

“ನೋಡಿದ್ರಾ? ಏನೂ ಇರ್ಲಿಲ್ಲ” ಎಂದ ನಿರ್ದೇಶಕ.

“ಏನೂ ಇಲ್ಲ ಅಂತ ಈಗ ಗೊತ್ತಾಯ್ತಲ್ಲ. ನಡಿಯಪ್ಪ, ಶುರು ಮಾಡೋಣ.”

ಇಂದು ನಮ್ಮ ಅನೇಕ ತಂಡಗಳಲ್ಲಿ ದೀಪದ ಮೇಸ್ತ್ರಿ ಕೈ ಎತ್ತುವವರೆಗೆ ಕ್ಯಾಮೆರಾ ತಿರುಗುವುದಿಲ್ಲ. ಈ ರೂಢಿ ಎಲ್ಲಿಂದ ಬಂತೆಂದು ಈಗಿನ ಹುಡುಗರಿಗೆ ಗೊತ್ತಿಲ್ಲ. ಗೊತ್ತಿರಲೆಂದೇ ಇಲ್ಲಿ ಬರೆದಿದೆ.

ಕಳೆದ ವರ್ಷ, ೨೦೧೫ರ ನವೆಂಬರಿನಲ್ಲಿ, ಆ ಕಂಪನಿ ತನ್ನ ಅರವತ್ತನೆಯ ವಾರ್ಷಿಕೋತ್ಸವ ಆಚರಿಸಿತು. ಈಗ ಅದರ ಒಡೆಯರು ಸಂಸ್ಥಾಪಕರ ಮೊಮ್ಮಗ. ಬದುಕಿರುವ ಹಳೆಯ ಕಲಾವಿದರಿಗೆಲ್ಲ ಗಾಜಿನ ಫಲಕ. ಅದರ ಮೇಲೆ ‘ಕಂಪನಿಯನ್ನು ಕಟ್ಟಿದ ನಿಷ್ಠಾವಂತರಿಗೆ’ ಎಂಬ ಕೆತ್ತನೆ. ಆಹ್ವಾನ ಶ್ರೀಯುತರಿಗೂ ಬಂತು. ಹೋಗಕೂಡದೆಂದು ನಾವೆಲ್ಲ ಹೇಳಿದೆವು. ಕಲ್ಲಿರೋಯಿ ಅವರು ಮಾತ್ರ ಕೋಟಿಗೆ ಇಸ್ತ್ರಿ ಹಾಕುತ್ತ, “ಹೋಗಿ. ಮೆಟ್ಟಿಲ ಹತ್ರ ಕಾಲು ನೋಡ್ಕೊಂಡು ಇಡಿ” ಎಂದರು.

ಸಭಾಂಗಣ ತುಂಬಿತ್ತು. ಫಲಕ ಪಡೆದವರೆಲ್ಲ ಕೈಬೀಸಿ ಇಳಿದರು. ಇವರು ಧ್ವನಿವರ್ಧಕದ ಮುಂದೆ ನಿಂತರು.

“ಇದರ ಮೇಲೆ ಕಂಪನಿ ಕಟ್ಟಿದೋರಿಗೆ ಅಂತ ಬರ್ದಿದೆ. ಕಟ್ಟಿದೋರಲ್ಲಿ ಒಬ್ಬನ ಹೆಸರು ಇವತ್ತು ಯಾರೂ ಕೂಗ್ಲಿಲ್ಲ. ದೀಪದ ಮೇಸ್ತ್ರಿ ಫಾನೂರಿಸ್ ಸಾರೋಗ್ಲು. ಹರಿದ ಕೇಬಲ್ ಹಿಡ್ಕೊಂಡು ಬಂದು, ಇದು ಬೇಡ ಅಂತ ಹೇಳಿದ್ದ. ನಾನು ಕೇಳಿಸ್ಕೊಂಡೆ—”

ಇಷ್ಟಕ್ಕೆ ಧ್ವನಿವರ್ಧಕ ನಿಂತಿತು. ಯಾರೋ ಒಳಗೆ ಗುಂಡಿ ಒತ್ತಿದ್ದರು. ಗುಡಾರದ ಕೊನೆಯ ಸಾಲಿಗೆ ಏಳು ವರ್ಷ ಕೂಗಿ ಹೇಳಿದ ಗಂಟಲದು. ಅವರು ಎರಡು ಹೆಜ್ಜೆ ಮುಂದೆ ಬಂದು, ಎದೆ ತುಂಬ ಉಸಿರೆಳೆದುಕೊಂಡು, ಉಳಿದದ್ದನ್ನೂ ಹೇಳಿದರು. ಸಂಸ್ಥಾಪಕರ ಮೊಮ್ಮಗ ಓಡಿ ಬಂದು ತೋಳು ಹಿಡಿದ.

“ಅಜ್ಜ, ಸಾಕು. ದಯವಿಟ್ಟು.”

“ನಿಮ್ಮಜ್ಜನ ಕಾಲದಲ್ಲಿ ಸಾಕು ಅಂದೋನು ಸತ್ತುಹೋದ ಮಗೂ. ಇನ್ನೊಂದು ನಿಮಿಷ ತಡ್ಕೋ.” ಆಮೇಲೆ ತೀರ್ಪಿನ ಆ ವಾಕ್ಯವನ್ನು, ದಿನಾಂಕಸಮೇತ, ಸಭೆಗೆ ಒಪ್ಪಿಸಿದರು. ಮೂರನೆಯ ಸಾಲಿನಲ್ಲಿದ್ದ ಈ ಲೇಖಕಿಯ ತುಟಿಗಳೂ ಅಲುಗಿದವು. ಮೊದಲು ಯಾರೂ ಚಪ್ಪಾಳೆ ತಟ್ಟಲಿಲ್ಲ. ಬಳಿಕ ಹಿಂದಿನಿಂದ, ಗೋಡೆಗೊರಗಿ ನಿಂತಿದ್ದ ಕೆಲಸಗಾರರ ಕಡೆಯಿಂದ, ಶುರುವಾಯಿತು. ಫಲಕವನ್ನು ಅವರು ಕಂಕುಳಲ್ಲಿ ಇಟ್ಟುಕೊಂಡೇ ಇಳಿದರು. ಅಲ್ಲೇ ಬಿಟ್ಟು ಬರಬಾರದಿತ್ತೇ ಎಂದು ಯಾರೋ ಕೇಳಿದ್ದಕ್ಕೆ, “ಬಿಟ್ಟಿದ್ರೆ ಲಿಕೂರ್ಗೋಸ್ ಮಗನಿಗೆ ಕೊಡ್ತಿದ್ರು” ಎಂದರು.

ಹದಿನೈದು ದಿನಕ್ಕೆ ಕಂಪನಿಯ ವಕೀಲರೊಬ್ಬರು ಕಿಪ್ಸೆಲಿಯ ಮನೆಗೆ ಬಂದರು. ಬಹಳ ಸಭ್ಯ ಮನುಷ್ಯ. ಕಲ್ಲಿರೋಯಿ ಅವರು ಬಂದವರಿಗೆಲ್ಲ ಕೊಡುವಂತೆ ಅವರಿಗೂ ಒಂದು ಚಮಚ ಕಿತ್ತಳೆ ಸಿಪ್ಪೆಯ ಮುರಬ್ಬ, ಒಂದು ಲೋಟ ತಣ್ಣೀರು ಕೊಟ್ಟರು. ವಕೀಲರು ತಿಂದು, ತುಟಿ ಒರೆಸಿಕೊಂಡು, ಒಂದು ಕಾಗದ ಮುಂದಿಟ್ಟರು: ವಯಸ್ಸಿನ ಕಾರಣ ನೆನಪು ಕೈಕೊಟ್ಟಿತು, ಆಡಿದ ಮಾತಿಗೆ ವಿಷಾದಿಸುತ್ತೇನೆ. ಸಹಿ ಹಾಕದಿದ್ದರೆ ಸಂಸ್ಥಾಪಕರ ಸ್ಮರಣೆಗೆ ಕಳಂಕ ತಂದರೆಂದು ಮೊಕದ್ದಮೆ.

ಶ್ರೀಯುತರು ಕನ್ನಡಕವನ್ನು ಹಣೆಗೆ ಏರಿಸಿ, ಕಾಗದವನ್ನು ಮೂಗಿನ ತುದಿಗೆ ತಂದು ಓದಿ, ಗಟ್ಟಿಯಾಗಿ ನಕ್ಕರು. “ಕಲ್ಲಿರೋಯಿ, ಬಾ ಇಲ್ಲಿ. ಐವತ್ತು ವರ್ಷ ಆಯ್ತು, ಇನ್ನೂ ಎರಡೇ ಸಾಲು! ಇವ್ರಿಗೆ ಬರೆಯೋರೇ ಸಿಕ್ಕಿಲ್ಲ, ಪಾಪ.” ಬಳಿಕ ವಕೀಲರ ಕಡೆಗೆ ತಿರುಗಿ, “ಮೊಕದ್ದಮೆ ಹಾಕಿ ಮಗೂ. ಒಳ್ಳೇದೇ ಆಯ್ತು. ಕಳೆದ ಸಲ ನನ್ನನ್ನ ಅರ್ಧ ಗಂಟೆ ಮಾತ್ರ ಮಾತಾಡೋಕೆ ಬಿಟ್ಟಿದ್ರು” ಎಂದರು.

ಮೊಕದ್ದಮೆ ದಾಖಲಾಗಿದೆ. ಮೊದಲ ದಿನಾಂಕ ವಕೀಲರ ಮುಷ್ಕರದಿಂದ ಮುಂದೆ ಹೋಯಿತು. ಎರಡನೆಯದು ನ್ಯಾಯಾಧೀಶರಿಲ್ಲದೆ ಹೋಯಿತು. ಮೂರನೆಯದು ಬರುವ ಫೆಬ್ರವರಿಗೆ ನಿಗದಿಯಾಗಿದೆ, ಅದೂ ಹೋದರೆ ಆಶ್ಚರ್ಯವಿಲ್ಲ. ಮುದುಕ ಸತ್ತರೆ ತಾನೇ ಮುಗಿಯುತ್ತದೆ ಎಂದು ಎದುರು ಪಕ್ಷದವರು ಕಾಯುತ್ತಿದ್ದಾರೆಂಬುದು ನಮಗೆ ಗೊತ್ತು, ಶ್ರೀಯುತರಿಗೂ ಗೊತ್ತು. ಅವರು ಬೆಳಿಗ್ಗೆ ಹೆಚ್ಚು ದೂರ ನಡೆಯತೊಡಗಿದ್ದಾರೆ, ಉಪ್ಪು ಬಿಟ್ಟಿದ್ದಾರೆ, ಸಿಗರೇಟನ್ನು ದಿನಕ್ಕೆ ಎರಡಕ್ಕೆ ಇಳಿಸಿದ್ದಾರೆ.

ಇಂಥ ಗ್ರಂಥಗಳ ಕೊನೆಯಲ್ಲಿ ನೂರು ವರ್ಷ ಬಾಳಿ ಎಂದು ಹಾರೈಸುವುದು ವಾಡಿಕೆ. ನಾವು ಲೆಕ್ಕ ಹಾಕಿ ಹಾರೈಸಲಾರೆವು. ನ್ಯಾಯಾಲಯ ಎಷ್ಟು ಸಲ ಮುಂದೂಡಿದರೂ ಅಷ್ಟು ಸಲವೂ ಸ್ತ್ರಾತಿಸ್ ವುರ್ನಾಝೋಸ್ ಅವರು ಇಸ್ತ್ರಿ ಹಾಕಿದ ಕೋಟು ತೊಟ್ಟು ಹೋಗುವಂತಾಗಲಿ; ಹಾಳೆ ತಿರುವುವ ಗುಮಾಸ್ತನಿಗೆ ಬೇಸರ ಬರಲಿ, ಎದುರು ವಕೀಲರಿಗೆ ನಿವೃತ್ತಿಯಾಗಲಿ, ಇವರಿಗೆ ಮಾತ್ರ ಆಯಾಸವಾಗದಿರಲಿ. ಕಲ್ಲಿರೋಯಿ ಅವರು ಪಕ್ಕದಲ್ಲಿರಲಿ. ಶ್ರೀಯುತರು ಬಿಟ್ಟಿರುವುದು ಕ್ಯಾಮೆರಾದ ಮುಂದಿನ ಜಾಗವನ್ನು ಮಾತ್ರ. ಕಟಕಟೆಯಲ್ಲಿ ಸೀಮೆಸುಣ್ಣದ ಗುರುತು ಇರುವುದಿಲ್ಲ; ಅಲ್ಲಿ ಎಲ್ಲಿ ನಿಲ್ಲಬೇಕೆಂದು ಅವರಿಗೆ ಕಣ್ಣು ಮುಚ್ಚಿಕೊಂಡೂ ಗೊತ್ತು.